ರೀಲ್ಸಿನ ಜೀನ್ಸು, ಬಳ್ಳಾರಿಯ ಜೀನ್ಸು

ಪತ್ರ: ಬಳ್ಳಾರಿಯ ಕೌಲ್‌ಬಜಾರಿನ ತಾಯಿಯೊಬ್ಬರು ಬರೆದಿದ್ದಾರೆ. ಒಂಬತ್ತನೇ ತರಗತಿಯ ಮಗ ರೀಲ್ಸ್‌ನಲ್ಲಿ ನೋಡಿದ ನಾಲ್ಕು ಸಾವಿರದ ಜೀನ್ಸೇ ಬೇಕೆಂದು ಹಟ ಹಿಡಿದಿದ್ದಾನೆ. ‘ಊರಾಗ ಹೊಲಿದಿದ್ದು ಯಾರ್ ಹಾಕ್ಕೋತಾರ’ ಅನ್ನುತ್ತಾನೆ. ಫೋನು ಕಿತ್ತಿಟ್ಟುಕೊಳ್ಳಲೇ?

ಸಂಪಾದಕರ ಉತ್ತರ: ಬೇಡ ತಾಯಿ. ಗೆಳೆಯನ ಫೋನಿನಲ್ಲಿ ನೋಡುತ್ತಾನೆ, ನಿಮಗೆ ಹೇಳುವುದನ್ನು ಬಿಡುತ್ತಾನೆ, ಅಷ್ಟೇ. ಓರಗೆಯವರು ತನ್ನನ್ನು ಹೇಗೆ ಕಾಣುತ್ತಾರೆ ಎಂಬುದೇ ಮುಖ್ಯವಾಗುವ ವಯಸ್ಸದು. ಆ ಪ್ಯಾಂಟು ಅವನಿಗೆ ಗುಂಪಿಗೆ ಸೇರುವ ಟಿಕೆಟ್ಟು. ಶೋಕಿ ಎಂದು ಹೀಯಾಳಿಸಿದರೆ ಹಟ ಬಲಿಯುತ್ತದೆ.

ಆ ರೀಲನ್ನು ಅವನ ಜೊತೆ ಕೂತು ನೋಡಿ, ಎರಡನೇ ಸಲ ಧ್ವನಿ ಬಂದ್ ಮಾಡಿ. ಬಟ್ಟೆ ಕಂಡದ್ದೆಷ್ಟು ಹೊತ್ತು, ಬೈಕು-ಕೆಫೆ ಕಂಡದ್ದೆಷ್ಟು ಹೊತ್ತು, ಅವನೇ ಎಣಿಸಲಿ. ಹಣವನ್ನೋ ಪುಕ್ಕಟೆ ಮಾಲನ್ನೋ ಪಡೆದು ಹೊಗಳುವವರು ಅದನ್ನು ವಿಡಿಯೊದಲ್ಲೇ ಸ್ಪಷ್ಟವಾಗಿ ತಿಳಿಸಬೇಕು, ಹ್ಯಾಷ್‌ಟ್ಯಾಗುಗಳ ರಾಶಿಯಲ್ಲಿ ಹುದುಗಿಸಬಾರದು ಎಂದು ಕೇಂದ್ರ ಗ್ರಾಹಕ ವ್ಯವಹಾರಗಳ ಇಲಾಖೆ 2023ರ ಜನವರಿಯಲ್ಲೇ ಹೇಳಿದೆ. ‘ಸ್ಪಾನ್ಸರ್ಡ್’ ಎಂಬುದು ಎಲ್ಲಾದರೂ ಇದೆಯೇ, ಹುಡುಕಲಿ.

ಆಮೇಲೆ ಅಂಗಡಿಗೆ ಹೋಗಿ. ಜೀನ್ಸ್ ಹೊಲಿಯುವ ಊರಾದ ಬಳ್ಳಾರಿಯಲ್ಲಿ ಜೀನ್ಸಿಗೇನು ಬರವೇ? ಅಂಗಡಿಯವರನ್ನು ಕೇಳಿಕೊಂಡು ಬ್ರ್ಯಾಂಡಿನದನ್ನೂ ಊರಿನದನ್ನೂ ಒಳಮಗ್ಗಲು ತಿರುಗಿಸಿ. ತೊಡೆಸಂದಿಯಲ್ಲಿ ನಾಲ್ಕು ಹೊಲಿಗೆ ಕೂಡುವ ಜಾಗವನ್ನು ಜಗ್ಗಿ ನೋಡಿ. ಅಲ್ಲಿ ಕಿಂಡಿ ಬಿಟ್ಟರೆ ಪ್ಯಾಂಟು ಮೊದಲು ಹರಿಯುವುದು ಅಲ್ಲೇ. ಜೇಬಿನ ಒಳಬಟ್ಟೆ ಬೆಳಕಿಗೆ ಹಿಡಿದಾಗ ಜಾಳುಜಾಳಾಗಿ ಕಂಡರೆ ಬೀಗದ ಕೈಗೇ ತೂತು ಬೀಳುತ್ತದೆ. ಒದ್ದೆ ಬಿಳಿ ಕರ್ಚೀಫಿನಿಂದ ತಿಕ್ಕಿ. ಕಡುನೀಲಿ ತುಸು ಬಣ್ಣ ಬಿಡುವುದು ಇಂಡಿಗೊ ಸ್ವಭಾವ. ಕರ್ಚೀಫೆಲ್ಲ ನೀಲಿಯಾದರೆ ತಯಾರಿಸುವಾಗ ಮಾಡುವ ವಾಷಿಂಗ್ ಸರಿಯಾಗಿಲ್ಲದಿರಬಹುದು. ಊರಿನದೇ ಗೆಲ್ಲುತ್ತದೆಂದು ಮಾತು ಕೊಡಲಾರೆವು, ಅಗ್ಗದ ಮಾಲಿನಲ್ಲಿ ಜೊಳ್ಳೂ ಇದೆ. ಆದರೆ ನೋಡಿ ಆರಿಸುವುದನ್ನು ಅವನು ಕಲಿಯುತ್ತಾನೆ.

ಇನ್ನು ಫೋನಿನ ಮಾತು. ರೀಲನ್ನು ಬೈದುಕೊಂಡು ನೋಡಿದರೂ ಆ್ಯಪಿನ ಲೆಕ್ಕಕ್ಕೆ ಅದು ನೋಡಿದ ಹೊತ್ತೇ; ಅಂಥದ್ದೇ ಮತ್ತೆ ಬರುತ್ತದೆ. ‘ನಾಟ್ ಇಂಟರೆಸ್ಟೆಡ್’ ಒತ್ತಿಸಿ. ಹುಟ್ಟಿದ ವರ್ಷ ಸುಳ್ಳು ಕೊಟ್ಟಿದ್ದಾನೆಯೇ ನೋಡಿ. ಕೊಟ್ಟಿದ್ದರೆ ಇನ್‌ಸ್ಟಾಗ್ರಾಂ ಅವನನ್ನು ದೊಡ್ಡವನೆಂದೇ ಎಣಿಸಬಹುದು. ಆಗ ರಾತ್ರಿ 10ರಿಂದ ಬೆಳಿಗ್ಗೆ 7ರವರೆಗೆ ನೋಟಿಫಿಕೇಶನ್ ತಡೆಯುವ ಹದಿಹರೆಯದವರ ಕಟ್ಟುಪಾಡು ಅವನಿಗೆ ಅನ್ವಯಿಸದು.

ಬೇಸರ ಮಾಡಿಕೊಳ್ಳಬೇಡಿ, ಮನೆಮಂದಿಯೆಲ್ಲ ನೋಡುವ ಧಾರಾವಾಹಿಯ ಸೊಸೆಯೂ ಒಲೆ ಮುಂದೆ ರೇಷ್ಮೆ ಸೀರೆಯಲ್ಲೇ ಇರುತ್ತಾಳೆ. ಆ ಸೀರೆಯ ಬಗ್ಗೆ ನೀವು ಆಡುವ ಮಾತು ಅವನ ಕಿವಿಗೂ ಬೀಳುತ್ತದೆ.

ಹಬ್ಬದ ಬಟ್ಟೆಗೆ ನೀವು ಕೊಡಬಲ್ಲ ಮೊತ್ತ ಹೇಳಿಬಿಡಿ. ಮೇಲಿನದನ್ನು ಅವನು ಕೂಡಿಟ್ಟ ಹಣದಿಂದ ಹಾಕಲಿ, ಹದಿನೈದು ದಿನ ಕಾಯಲಿ. ಆಗಲೂ ಅದೇ ಬೇಕೆಂದರೆ ಕೊಡಿಸಿ. ಕಂತಿನಲ್ಲಿ ಮಾತ್ರ ಬೇಡ: ‘ನೋ ಕಾಸ್ಟ್’, ಅಂದರೆ ಬಡ್ಡಿಯ ಹೊರೆಯಿಲ್ಲ ಎಂದರೂ ನಗದಿಗೆ ಸಿಗುವ ರಿಯಾಯಿತಿ ಎಷ್ಟೋ ಸಲ ಕೈತಪ್ಪುತ್ತದೆ, ಕ್ರೆಡಿಟ್ ಕಾರ್ಡಿನ ಕಂತಾದರೆ ಬ್ಯಾಂಕು ಲೆಕ್ಕ ಹಾಕುವ ಬಡ್ಡಿಯ ಮೇಲೆ ಶೇ 18 ಜಿಎಸ್‌ಟಿಯೂ ಬೀಳುತ್ತದೆ.