23 ಕೆಜಿ ಅಕ್ಕಿ ಕಡಿಮೆ ಬಂದದ್ದಕ್ಕೆ ನ್ಯಾಯಬೆಲೆ ಅಂಗಡಿಯ ಪರವಾನಗಿಯೇ ರದ್ದು: ಹೈಕೋರ್ಟ್ ಈ ಶಿಕ್ಷೆಯನ್ನು ತೆಗೆದುಹಾಕುತ್ತದೆಯೇ?

ತೆಗೆಯಬಹುದು. ಆದರೆ ನಿಮ್ಮ ತಂದೆಯವರು ತಪ್ಪು ಮಾಡಿಲ್ಲ ಎಂಬ ವಾದವೊಂದನ್ನೇ ನಂಬಿ ಹೋಗಬೇಡಿ. ಅವರದು ಹಾವೇರಿ ಜಿಲ್ಲೆಯ ಅಂಗಡಿ, ತಪಾಸಣೆಯಲ್ಲಿ 40 ಚೀಲಕ್ಕೆ 23 ಕೆಜಿ ಕೊರತೆ, ನೋಟಿಸಿಗೆ ಉತ್ತರ ಕೊಟ್ಟ ಮೇಲೂ ರದ್ದು ಎಂದು ಬರೆದಿದ್ದೀರಿ. ಹೈಕೋರ್ಟಿನ ಧಾರವಾಡ ಪೀಠದಲ್ಲಿ ಇಂಥ ರಿಟ್ ಅರ್ಜಿಗಳನ್ನು, ಅಂದರೆ ಸರ್ಕಾರಿ ಅಧಿಕಾರಿಗಳ ಆದೇಶವನ್ನು ನೇರವಾಗಿ ಹೈಕೋರ್ಟಿನಲ್ಲಿ ಪ್ರಶ್ನಿಸುವ ಅರ್ಜಿಗಳನ್ನು, ನಡೆಸಿರುವ ವಕೀಲ ನಾನು. ನಿಮ್ಮ ಪ್ರಶ್ನೆ ಓದಿ ಸುಮ್ಮನಿರಲು ಆಗಲಿಲ್ಲ.

ರಿಟ್‌ನಲ್ಲಿ ಹೈಕೋರ್ಟ್ ಅಕ್ಕಿಯನ್ನು ಮತ್ತೆ ತೂಗುವುದಿಲ್ಲ. ಅಧಿಕಾರಿ ಆ ನಿರ್ಧಾರಕ್ಕೆ ಬಂದ ಬಗೆಯನ್ನು ನೋಡುತ್ತದೆ. ಹಾಗಾಗಿ ಮೊದಲು ಆದೇಶದ ಕೊನೆಯ ಪುಟ ತೆರೆಯಿರಿ. 'ಸಮಜಾಯಿಷಿಯು ತೃಪ್ತಿಕರವಾಗಿರುವುದಿಲ್ಲ' ಎಂಬ ಒಂದೇ ಸಾಲು ಇದೆಯೇ? ಏಕೆ ತೃಪ್ತಿಕರವಲ್ಲ ಎಂದು ಹೇಳದೆ ಒಬ್ಬರ ಜೀವನಾಧಾರ ಕಿತ್ತುಕೊಳ್ಳುವುದು ಅನ್ಯಾಯ, ನಿಮ್ಮ ಗಟ್ಟಿ ಆಧಾರವೂ ಅದೇ. ಆದೇಶದಲ್ಲಿ ಇಲ್ಲದ ಕಾರಣವನ್ನು ಆಮೇಲೆ ನ್ಯಾಯಾಲಯಕ್ಕೆ ಕೊಡುವ ಅಫಿಡವಿಟ್‌ನಲ್ಲಿ ತುಂಬಿಸುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 1977ರಲ್ಲೇ ಮೊಹಿಂದರ್ ಸಿಂಗ್ ಗಿಲ್ ಪ್ರಕರಣದಲ್ಲಿ ಹೇಳಿದೆ.

ಇನ್ನು ಮಹಜರು, ಅಂದರೆ ತಪಾಸಣೆಯ ವೇಳೆ ಸ್ಥಳದಲ್ಲೇ ಬರೆದ ದಾಖಲೆ. ಗೋಣಿಯ ತೂಕ ಬಿಟ್ಟು ತೂಗಿದ್ದಾರೆಯೇ ಎಂದು ಅದರಲ್ಲಿ ನೋಡಿ. ಸೆಣಬಿನ ಖಾಲಿ ಗೋಣಿಯ ತೂಕ ಸುಮಾರು 580 ಗ್ರಾಂ. ನಲವತ್ತು ಗೋಣಿಗೆ 23 ಕೆಜಿ 200 ಗ್ರಾಂ! ಗೋದಾಮಿನಲ್ಲಿ ಗೋಣಿ ಸಮೇತ 50 ಕೆಜಿ ತೂಗಿ ಕೊಟ್ಟಿದ್ದರೆ ನಿಮ್ಮ ಕೊರತೆ ಅಲ್ಲಿಯೇ ಹುಟ್ಟಿದೆ. ಇದನ್ನು ಉತ್ತರದಲ್ಲಿ ಬರೆದಿದ್ದಿರಾ? ಬರೆದಿದ್ದೂ ಅಧಿಕಾರಿ ಆ ಬಗ್ಗೆ ಚಕಾರ ಎತ್ತಿಲ್ಲವೆಂದರೆ ಆದೇಶ ನಿಲ್ಲುವುದು ಕಷ್ಟ. ಬರೆದಿಲ್ಲವಾದರೆ ರಿಟ್‌ಗೆ ಅವಸರಪಡದೆ ಇಲಾಖೆಯ ಮೇಲ್ಮನವಿಗೆ ಹೋಗಿ. ಸಂಗತಿಯನ್ನೂ ಶಿಕ್ಷೆಯನ್ನೂ ಹೊಸದಾಗಿ ತೂಗಲು ಮೇಲ್ಮನವಿ ಪ್ರಾಧಿಕಾರಕ್ಕೆ ಅವಕಾಶವಿದೆ. ನೇರವಾಗಿ ಹೈಕೋರ್ಟಿಗೆ ಹೋದರೆ 'ಮೇಲ್ಮನವಿ ಏಕೆ ಹಾಕಲಿಲ್ಲ' ಎಂಬುದೇ ಮೊದಲ ಪ್ರಶ್ನೆಯಾಗುತ್ತದೆ. ನೋಟಿಸನ್ನೇ ಕೊಡದಿದ್ದರೆ ಅಥವಾ ಆದೇಶ ಮಾಡಿದವರಿಗೆ ಅಧಿಕಾರವೇ ಇರದಿದ್ದರೆ ಮಾತು ಬೇರೆ.

ಶಿಕ್ಷೆ ಅತಿಯಾಯಿತು ಎಂಬ ವಾದಕ್ಕೂ ಬೆಲೆಯಿದೆ. ಮೇಲಧಿಕಾರಿ ಹೇಳಿದರೂ ಊಟ ಮಾಡಲಿಲ್ಲವೆಂದು ರಂಜಿತ್ ಠಾಕೂರ್ ಎಂಬ ಸೈನಿಕನಿಗೆ ಒಂದು ವರ್ಷ ಸೆರೆವಾಸ ವಿಧಿಸಿ ಕೆಲಸದಿಂದಲೂ ತೆಗೆದಿದ್ದರು. ತಪ್ಪಿಗೂ ಶಿಕ್ಷೆಗೂ ತಾಳಮೇಳವಿಲ್ಲವೆಂದು ಸುಪ್ರೀಂ ಕೋರ್ಟ್ 1987ರಲ್ಲಿ ಅದನ್ನು ರದ್ದುಪಡಿಸಿತು. ಆದರೂ ನ್ಯಾಯಾಲಯ ತಾನೇ ಶಿಕ್ಷೆ ಇಳಿಸುವುದು ಅಪರೂಪ. ಸಾಮಾನ್ಯವಾಗಿ ಆದೇಶ ರದ್ದುಮಾಡಿ, ಮರುಪರಿಶೀಲನೆಗೆ ಅದೇ ಅಧಿಕಾರಿಗೆ ಕಳುಹಿಸುತ್ತದೆ. ಹಿಂದೆ ಯಾವ ದೂರೂ ಇಲ್ಲದಿದ್ದರೆ, ಅಮಾನತಿನಲ್ಲಿ ಮುಗಿಸಬಹುದಿತ್ತಲ್ಲ ಎಂದು ಒತ್ತಿ ಕೇಳಿ.

ಒಂದು ಮಾತು ನೇರವಾಗಿ ಹೇಳುತ್ತೇನೆ. ಹೆಬ್ಬೆಟ್ಟು ಒತ್ತಿಸಿಕೊಂಡು ಅಕ್ಕಿ ಕೊಡದೆ ಕಳುಹಿಸಿದ್ದರೆ, ಅಥವಾ ಮೂಟೆ ಕಾಳಸಂತೆಗೆ ಹೋಗಿದ್ದರೆ ಈ ವಾದ ನಡೆಯದು, ನಡೆಯಲೂ ಬಾರದು. ಕೂಲಿ ಬಿಟ್ಟು ಸಾಲಿನಲ್ಲಿ ನಿಂತವರ ಅನ್ನ ಅದು.

ನಾಳೆಯೇ ಮಹಜರಿನ ದೃಢೀಕೃತ ನಕಲಿಗೆ ಅರ್ಜಿ ಕೊಡಿ. ಗೋದಾಮಿನಿಂದ ಅಕ್ಕಿ ಎತ್ತಿದ ದಿನದ ರಸೀದಿ, ದಾಸ್ತಾನು ಪುಸ್ತಕ, ತೂಕದ ಯಂತ್ರಕ್ಕೆ ಮುದ್ರೆ ಹಾಕಿಸಿದ ಪ್ರಮಾಣಪತ್ರ ಜೋಡಿಸಿ. ಮೇಲ್ಮನವಿಯ ಜೊತೆಗೇ ತಡೆಯಾಜ್ಞೆಗೂ ಪ್ರತ್ಯೇಕ ಅರ್ಜಿ ಹಾಕಿ. ತಡಮಾಡಿದರೆ ನಿಮ್ಮ ಕಾರ್ಡುದಾರರನ್ನು ಪಕ್ಕದ ಊರಿನ ಅಂಗಡಿಗೆ ಸೇರಿಸಿರುತ್ತಾರೆ.