ಓದುಗರ ಪ್ರಶ್ನೆ: ವಾರ್ಡಿನಲ್ಲಿ ಯಾರನ್ನು ಏನು ಕೇಳಬೇಕು?

ಆಸ್ಪತ್ರೆ ಮತ್ತು ಅಲ್ಲಿ ದುಡಿಯುವವರ ಬಗ್ಗೆ ಬಂದ ಪತ್ರಗಳಲ್ಲಿ ಐದಕ್ಕೆ ಈ ಸಲ ಉತ್ತರ.

ಮಾವನವರನ್ನು ಜ್ವರಕ್ಕೆ ಶಿವಮೊಗ್ಗದಲ್ಲಿ ಅಡ್ಮಿಟ್ ಮಾಡಿದ್ದೆವು. ಬೆಳಿಗ್ಗೆ ಚಿಕ್ಕ ವಯಸ್ಸಿನ ಡಾಕ್ಟರೊಬ್ಬರು ‘ನಾಳೆ ಮನೆಗೆ ಹೋಗಬಹುದು’ ಅಂದರು. ಹತ್ತು ಗಂಟೆಗೆ ಬಂದವರು ‘ಸ್ಕ್ಯಾನಿಂಗ್ ಆಗಲಿ, ನೋಡೋಣ’ ಅಂದರು. ರಾತ್ರಿ ಮತ್ತೊಬ್ಬರು ‘ನಿಮ್ಮ ಯೂನಿಟ್‌ನವರನ್ನ ಕೇಳಿ’ ಅಂತ ಹೊರಟೇಬಿಟ್ಟರು. ಯಾರ ಮಾತು ನಂಬುವುದು? — ತೀರ್ಥಹಳ್ಳಿಯಿಂದ

ಮೂವರೂ ಸುಳ್ಳು ಹೇಳಿಲ್ಲ. ವೈದ್ಯಕೀಯ ಕಾಲೇಜಿನ ಆಸ್ಪತ್ರೆಯಲ್ಲಿ ರೋಗಿ ಒಬ್ಬ ಡಾಕ್ಟರಿಗೆ ಸೇರಿದವರಲ್ಲ, ಒಂದು ಯೂನಿಟ್‌ಗೆ, ಅಂದರೆ ಡಾಕ್ಟರುಗಳ ಒಂದು ತಂಡಕ್ಕೆ, ಸೇರಿದವರು. ಯಾವ ದಿನ ಅಡ್ಮಿಟ್ ಆದಿರೋ ಆ ದಿನದ ಯೂನಿಟ್ ನಿಮ್ಮದು. ಬೆಳಿಗ್ಗೆ ಬಂದವರು ಬಹುಶಃ ಹೌಸ್ ಸರ್ಜನ್. ಎಂಬಿಬಿಎಸ್ ಓದು ಮುಗಿಸಿ ಒಂದು ವರ್ಷದ ತರಬೇತಿಯಲ್ಲಿರುವವರು. ರಕ್ತ ತೆಗೆಯುವುದು, ಕ್ಯಾನುಲಾ (ರಕ್ತನಾಳದೊಳಗಿಡುವ ಸಣ್ಣ ಕೊಳವೆ) ಹಾಕುವುದು, ರಿಪೋರ್ಟ್ ತರುವುದು ಅವರ ಪಾಲು. ಹತ್ತು ಗಂಟೆಗೆ ಬಂದದ್ದು ರೌಂಡ್ಸ್. ಅಲ್ಲಿ ಪಿಜಿ, ಅಂದರೆ ಎಂಬಿಬಿಎಸ್ ಆದ ಮೇಲೆ ಸ್ನಾತಕೋತ್ತರ ಓದುತ್ತಿರುವ ಡಾಕ್ಟರು, ಕೇಸ್ ಹೇಳುತ್ತಾರೆ, ಅಸಿಸ್ಟೆಂಟ್ ಪ್ರೊಫೆಸರೋ ಯೂನಿಟ್ ಮುಖ್ಯಸ್ಥರೋ ತೀರ್ಮಾನ ಹೇಳುತ್ತಾರೆ. ರಾತ್ರಿಯವರು ಡ್ಯೂಟಿ ಡಾಕ್ಟರು. ಎಲ್ಲ ಯೂನಿಟ್‌ಗಳ ತುರ್ತು ಅವರ ತಲೆಯ ಮೇಲಿರುತ್ತದೆ. ಬೇರೆ ಯೂನಿಟ್‌ನ ರೋಗಿಯ ಡಿಸ್ಚಾರ್ಜ್ ವಿಚಾರಕ್ಕೆ ಅವರು ಕೈ ಹಾಕುವುದಿಲ್ಲ, ಹಾಕಲೂಬಾರದು.

ಹಾಗಾಗಿ ಡಿಸ್ಚಾರ್ಜ್, ಆಪರೇಷನ್, ಬೇರೆ ಕಡೆ ಕಳಿಸುವುದು, ಈ ಮೂರಕ್ಕೆ ರೌಂಡ್ಸಿನ ಮಾತೇ ಮಾತು. ಕೇಳಬೇಕಾದವರು ಮಾತ್ರ ಪಿಜಿ. ಮುಖ್ಯಸ್ಥರು ಒಂದು ಹಾಸಿಗೆಯ ಬಳಿ ನಿಲ್ಲುವುದು ಕೆಲವೇ ನಿಮಿಷ; ಇಡೀ ಕೇಸ್ ತಲೆಯಲ್ಲಿಟ್ಟುಕೊಂಡಿರುವವರು ಪಿಜಿ. ರೌಂಡ್ಸಿನ ನಡುವೆ ತಡೆಯಬೇಡಿ. ಕೊನೆಯ ಹಾಸಿಗೆ ಮುಗಿದು ಅವರು ಕೇಸ್ ಶೀಟ್ ಬರೆಯಲು ಕೂತಾಗ ಹೋಗಿ. ಕೇಳುವುದು ಮೂರೇ: ಏನೆಂದು ಅನುಮಾನ? ಯಾವ ರಿಪೋರ್ಟಿಗೆ ಕಾಯುತ್ತಿದ್ದೀರಿ? ಅದು ಬಂದ ಮೇಲೆ ಮುಂದೇನು?

ಎಡವಟ್ಟಾಗುವುದು ಸಾಮಾನ್ಯವಾಗಿ ಎರಡು ಕಡೆ. ಒಂದು, ರೋಗಿಯ ಕಡೆಯವರು ದಿನಕ್ಕೊಬ್ಬರು ಬದಲಾಗುತ್ತಾರೆ. ಇವತ್ತು ಮಗ, ನಾಳೆ ಅಳಿಯ, ನಾಡಿದ್ದು ಊರಿನ ಪೈಕಿ ಯಾರೋ. ಡಾಕ್ಟರು ಹೇಳಿದ್ದನ್ನೇ ಮೂರು ಸಲ ಹೇಳಬೇಕು, ಮೂರನೆಯ ಸಲ ಅದು ಅರ್ಧಕ್ಕಿಳಿದಿರುತ್ತದೆ. ಒಬ್ಬರೇ ನಿಂತು, ಯೂನಿಟ್ ಮತ್ತು ಐಪಿ ನಂಬರನ್ನು (ಒಳರೋಗಿಯ ದಾಖಲಾತಿ ಸಂಖ್ಯೆ) ಒಂದು ಪುಸ್ತಕದಲ್ಲಿ ಬರೆದಿಟ್ಟುಕೊಳ್ಳಿ. ಇನ್ನೊಂದು, ರಿಪೋರ್ಟ್ ಲ್ಯಾಬಿನಲ್ಲೇ ಕೂತಿರುತ್ತದೆ; ಹೌಸ್ ಸರ್ಜನ್ ಬೇರೆ ವಿಭಾಗಕ್ಕೆ ಹೋದ ದಿನ ತರುವವರಿರುವುದಿಲ್ಲ. ‘ಇನ್ನೂ ಬಂದಿಲ್ಲ’ ಅಂದರೆ ‘ಸ್ಯಾಂಪಲ್ ಯಾವತ್ತು ಹೋಯ್ತು?’ ಅಂತ ಕೇಳಿ.

ಆಸ್ಪತ್ರೆಯಲ್ಲಿ ನಿಯಮ ಗೋಡೆಯ ಮೇಲಿರುತ್ತದೆ, ಕೆಲಸ ನಡೆಯುವುದು ದಿನದಿನದ ಹೊಂದಾಣಿಕೆಯಲ್ಲಿ. ಸಮಾಜಶಾಸ್ತ್ರಜ್ಞ ಆನ್ಸೆಲ್ಮ್ ಸ್ಟ್ರಾಸ್ ಮತ್ತು ಸಂಗಡಿಗರು ಅಮೆರಿಕದ ಆಸ್ಪತ್ರೆಗಳನ್ನು ನೋಡಿ 1963ರಲ್ಲಿ ಇದನ್ನೇ ಬರೆದರು.

ರಾತ್ರಿ ಡ್ರಿಪ್ಸ್ ಮುಗಿದಿದೆ ಅಂತ ಎರಡು ಸಲ ಕರೆದಿದ್ದಕ್ಕೆ ಸಿಸ್ಟರ್ ರೇಗಿದರು. ಇಷ್ಟು ಸಿಡುಕು ಯಾಕೆ? — ಸಾಗರದಿಂದ

ರೇಗಿದ್ದು ತಪ್ಪೇ. ಲೆಕ್ಕವನ್ನೂ ನೋಡಿ. ಬೋಧನಾ ಆಸ್ಪತ್ರೆಯ ಸಾಮಾನ್ಯ ವಾರ್ಡಿಗೆ 3 ಹಾಸಿಗೆಗೊಬ್ಬ ನರ್ಸ್ ಎಂಬುದು ಇಂಡಿಯನ್ ನರ್ಸಿಂಗ್ ಕೌನ್ಸಿಲ್ಲಿನ ಅಳತೆ. 30 ಹಾಸಿಗೆಗೆ 10 ಮಂದಿ. ಅದನ್ನು ಮೂರು ಪಾಳಿಗೆ ಹಂಚಿದರೆ, ಹುದ್ದೆಗಳೆಲ್ಲ ಭರ್ತಿಯಾಗಿದ್ದರೂ ಪಾಳಿಗೆ ಮೂವರು. ರಾತ್ರಿ ಅದಕ್ಕಿಂತ ಕಮ್ಮಿಯೇ. ಆ್ಯಂಟಿಬಯಾಟಿಕ್ ಪುಡಿಯನ್ನು ನೀರಿನಲ್ಲಿ ಕಲಸಿ, ಕ್ಯಾನುಲಾ ತೊಳೆದು, ನಿಧಾನವಾಗಿ ಒತ್ತಿ, ಚಾರ್ಟಿನಲ್ಲಿ ಸಹಿ ಹಾಕಲು ಒಬ್ಬ ರೋಗಿಗೆ ಐದು ನಿಮಿಷ ಹಿಡಿಯಿರಿ. ಇಪ್ಪತ್ತು ಮಂದಿಗೆ ನೂರು ನಿಮಿಷ. ನೀವು ಕರೆದದ್ದು ಅದರ ನಡುವೆ ಇದ್ದೀತು.

ಬಾಟಲಿಯಲ್ಲಿ ಎರಡು ಬೆರಳಷ್ಟು ಉಳಿದಿರುವಾಗಲೇ ಹೇಳಿ. ಪೂರ್ತಿ ಖಾಲಿಯಾದರೆ ಕೊಳವೆಯ ಗಾಲಿಯನ್ನು ಕೆಳಕ್ಕೆ ಉರುಳಿಸಿ ಮುಚ್ಚಿದರೆ ಸಾಕು; ಸೂಜಿ, ಕ್ಯಾನುಲಾ ಮುಟ್ಟಬೇಡಿ. ಪಾಳಿ ಬದಲಾಗುವ ಹೊತ್ತು, ಬಹಳ ಕಡೆ ಬೆಳಿಗ್ಗೆ 8, ಮಧ್ಯಾಹ್ನ 2, ರಾತ್ರಿ 8ರ ಆಸುಪಾಸು, ತುರ್ತಿಲ್ಲದ್ದನ್ನು ಕೇಳಬೇಡಿ. ಉಸಿರು ಕಟ್ಟುವುದು, ರಕ್ತ, ಎಚ್ಚರ ತಪ್ಪುವುದಕ್ಕೆ ಹೊತ್ತು ನೋಡಬೇಡಿ, ಕರೆಯಿರಿ.

ಇನ್ನೊಂದು ಸೂಕ್ಷ್ಮ ಇದೆ. ರೋಗಿ ಕೆಡುತ್ತಿರುವುದು ಮೊದಲು ಕಾಣುವುದು ಸಿಸ್ಟರಿಗೆ. ಆದರೆ ‘ಡೋಸ್ ಇಳಿಸಿ’ ಎನ್ನುವ ಅಧಿಕಾರ ಅವರಿಗಿಲ್ಲ. ಆಗ ಬರುವ ಮಾತು: ‘ಸರ್, 12ನೇ ಬೆಡ್ ಬಿಪಿ ಸ್ವಲ್ಪ ಕಮ್ಮಿ ಬರ್ತಿದೆ... ರಾತ್ರಿ ಮಾತ್ರೆ ಕೊಡೋದಾ?’ ಪ್ರಶ್ನೆಯ ವೇಷದಲ್ಲಿರುವ ಸಲಹೆ. ಲಿಯೊನಾರ್ಡ್ ಸ್ಟೈನ್ ಎಂಬ ಮನೋವೈದ್ಯ ಇದನ್ನು 1967ರಲ್ಲೇ ಡಾಕ್ಟರ್–ನರ್ಸ್ ಆಟ ಎಂದು ಕರೆದ. ಮಲೆನಾಡಿನ ವಾರ್ಡುಗಳಲ್ಲಿ ಈ ಆಟ ಇನ್ನೂ ಮುಗಿದಿಲ್ಲ.

ನಮ್ಮ ಮನೆಯವರು ಆಸ್ಪತ್ರೆಯಲ್ಲಿ ಗುತ್ತಿಗೆ ಮೇಲೆ ಕ್ಲೀನಿಂಗ್ ಕೆಲಸದಲ್ಲಿದ್ದಾರೆ. ಕಸದ ಚೀಲ ಎತ್ತುವಾಗ ಸೂಜಿ ಚುಚ್ಚಿದೆ. ಕೆಲಸ ಹೋದೀತೆಂದು ಹೇಳಿಕೊಂಡಿಲ್ಲ. — ಭದ್ರಾವತಿಯಿಂದ

ಈ ಪತ್ರಕ್ಕೆ ಅಂಚೆಯಲ್ಲೇ ಉತ್ತರಿಸಿದ್ದೇವೆ. ಇತರರಿಗೂ ಬೇಕಾದ್ದರಿಂದ ಇಲ್ಲಿ.

ಚುಚ್ಚಿದ ಜಾಗವನ್ನು ಹರಿಯುವ ನೀರು, ಸೋಪಿನಿಂದ ತೊಳೆಯಿರಿ. ಹಿಂಡಬೇಡಿ, ಬಾಯಲ್ಲಿಡಬೇಡಿ, ಬ್ಲೀಚಿಂಗ್ ಹಚ್ಚಬೇಡಿ. ತಕ್ಷಣ ಕ್ಯಾಶುವಾಲಿಟಿಗೆ ಹೋಗಿ. ಎಚ್‌ಐವಿ ತಡೆಯುವ ಮಾತ್ರೆ 2 ಗಂಟೆಯೊಳಗೆ ಶುರುವಾದರೆ ಉತ್ತಮ, 72 ಗಂಟೆ ದಾಟಿದರೆ ಕೊಡುವುದಿಲ್ಲ. ನುಂಗಬೇಕಾದದ್ದು 28 ದಿನ. ನಿಜವಾಗಿ ಹೆಚ್ಚು ಹೆದರಬೇಕಾದದ್ದು ಹೆಪಟೈಟಿಸ್ ಬಿಗೆ. ಸೋಂಕಿತರ ಸೂಜಿಯಾಗಿದ್ದರೆ ಎಚ್‌ಐವಿ ತಗಲುವ ಸಂಭವ ಸುಮಾರು 0.3%, ಲಸಿಕೆಯಿಲ್ಲದವರಿಗೆ ಹೆಪಟೈಟಿಸ್ ಬಿ 30% ತನಕ. ಲಸಿಕೆ ಮೂರು ಡೋಸ್: ಮೊದಲ ದಿನ, 1 ತಿಂಗಳು, 6 ತಿಂಗಳು.

2016ರ ಜೀವವೈದ್ಯಕೀಯ ತ್ಯಾಜ್ಯ ನಿಯಮದ ಪ್ರಕಾರ ಕಸ ಮುಟ್ಟುವ ಪ್ರತಿಯೊಬ್ಬರಿಗೂ ಹೆಪಟೈಟಿಸ್ ಬಿ ಮತ್ತು ಧನುರ್ವಾಯು ಲಸಿಕೆ ಹಾಕಿಸುವುದು, ವರ್ಷಕ್ಕೊಮ್ಮೆ ಆರೋಗ್ಯ ತಪಾಸಣೆ ಮಾಡಿಸುವುದು ಆಸ್ಪತ್ರೆಯ ಹೊಣೆ. ಗುತ್ತಿಗೆಯವರು ಎಂಬ ನೆಪ ನಡೆಯುವುದಿಲ್ಲ. ಘಟನೆಯನ್ನು ರಿಜಿಸ್ಟರಿನಲ್ಲಿ ಬರೆಸಿ, ಬರೆದದ್ದರ ಫೋಟೊ ಇಟ್ಟುಕೊಳ್ಳಿ, ಇಎಸ್‌ಐ (ನೌಕರರ ರಾಜ್ಯ ವಿಮೆ) ನಂಬರ್ ಇದೆಯೇ ನೋಡಿ. ಬರೆಸದಿದ್ದರೆ ಆರು ತಿಂಗಳ ನಂತರ ಏನೇ ಬಂದರೂ ಕೆಲಸದಲ್ಲಿ ಆಯಿತೆಂದು ತೋರಿಸಲು ಕಾಗದವಿರುವುದಿಲ್ಲ.

ಚುಚ್ಚಿದ್ದು ಅವರ ಅಜಾಗರೂಕತೆಯಿಂದ ಅಲ್ಲ. ಸೂಜಿ ಹೋಗಬೇಕಾದದ್ದು ತೂತಾಗದ ಬಿಳಿ ಡಬ್ಬಿಗೆ. ಹಳದಿ ಚೀಲ ರಕ್ತದ ಹತ್ತಿ, ಬ್ಯಾಂಡೇಜಿಗೆ. ಕೆಂಪು ಡ್ರಿಪ್ಸ್ ಕೊಳವೆ, ಗ್ಲೌಸಿಗೆ. ನೀಲಿ ಡಬ್ಬಿ ಗಾಜಿನ ಸೀಸೆಗೆ. ಗಡಿಬಿಡಿಯಲ್ಲಿ ಸೂಜಿಯನ್ನು ಕೈಗೆ ಹತ್ತಿರವಿದ್ದ ಚೀಲಕ್ಕೆ ಎಸೆಯುವವರು ಒಬ್ಬರು, ಚುಚ್ಚಿಸಿಕೊಳ್ಳುವವರು ಇನ್ನೊಬ್ಬರು. ಎಸೆದವರಿಗೆ ಅದು ಗೊತ್ತೂ ಆಗುವುದಿಲ್ಲ. ಆಸ್ಪತ್ರೆಯ ಮೇಲು–ಕೀಳು ಇಷ್ಟು ನಿಚ್ಚಳವಾಗಿ ಬೇರೆಲ್ಲೂ ಕಾಣುವುದಿಲ್ಲ.

ಮಣಿಪಾಲಕ್ಕೆ ಬರೆದುಕೊಟ್ಟರೆ ಏನೇನು ನೋಡಿಕೊಳ್ಳಬೇಕು? — ಹೊಸನಗರದಿಂದ

ರೆಫರಲ್ ಪತ್ರ, ಬಿಪಿಎಲ್ ಕಾರ್ಡು, ಆಧಾರ್. ಆಯುಷ್ಮಾನ್ ಭಾರತ್–ಆರೋಗ್ಯ ಕರ್ನಾಟಕದಲ್ಲಿ ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷದ ತನಕ. ಎಪಿಎಲ್‌ನವರಿಗೆ ಪ್ಯಾಕೇಜಿನ 30%, ಮಿತಿ 1.5 ಲಕ್ಷ. ಯೋಜನೆಯಲ್ಲಿ ಗುರುತಿಸಿದ ತುರ್ತು ಚಿಕಿತ್ಸೆಗೆ ರೆಫರಲ್ ಬೇಡ. ಎರಡೂ ಕಾರ್ಡಿನಲ್ಲಿ ಹೆಸರು ಒಂದೇ ಇರಲಿ. ‘ಮಂಜಪ್ಪ’ ಒಂದರಲ್ಲಿ, ‘ಮಂಜುನಾಥ’ ಇನ್ನೊಂದರಲ್ಲಿ ಇದ್ದರೆ ಆರೋಗ್ಯ ಮಿತ್ರರ (ಆಸ್ಪತ್ರೆಯಲ್ಲಿ ಯೋಜನೆಯ ಕೆಲಸ ನೋಡುವವರು) ಕೌಂಟರಿನಲ್ಲೇ ಅರ್ಧ ದಿನ ಹೋಗುತ್ತದೆ.

ಘಾಟಿ ಇಳಿಯುವ ಮೊದಲು ಆಂಬುಲೆನ್ಸಿನಲ್ಲಿ ಆಕ್ಸಿಜನ್ ಎಷ್ಟಿದೆ ಕೇಳಿ. ಬಿ ಟೈಪ್ ಸಿಲಿಂಡರ್ ತುಂಬಿದ್ದರೆ ಸುಮಾರು 1,500 ಲೀಟರ್. ನಿಮಿಷಕ್ಕೆ 5 ಲೀಟರಿನಂತೆ ಹೋದರೆ ಐದು ಗಂಟೆ, 10 ಆದರೆ ಎರಡೂವರೆಯೇ. ಹುಲಿಕಲ್‌ನಲ್ಲೋ ಆಗುಂಬೆಯ 14 ತಿರುವುಗಳಲ್ಲೋ ಮರ ಬಿದ್ದರೆ ಆ ಲೆಕ್ಕ ತಲೆಕೆಳಗು. ಗೇಜಿನ ಮುಳ್ಳು ನೀವೇ ನೋಡಿ ಹತ್ತಿ.

ಎಂಎ ಸಮಾಜಶಾಸ್ತ್ರ ಓದುತ್ತಿದ್ದೇನೆ. ಆಸ್ಪತ್ರೆಯ ಮೇಲೆ ಕಿರುಪ್ರಬಂಧ ಮಾಡಲು ಎಲ್ಲಿಂದ ಶುರು ಮಾಡಲಿ? — ಶಂಕರಘಟ್ಟದಿಂದ

ಶಿವಮೊಗ್ಗದ ಮೆಗ್ಗಾನ್ ಆಸ್ಪತ್ರೆಯಂಥ ಕಡೆ ಮಾಡುವುದಾದರೆ ಮೊದಲು ವಿಭಾಗದ ಪತ್ರ, ಆಮೇಲೆ ವೈದ್ಯಕೀಯ ಕಾಲೇಜಿನ ನೈತಿಕ ಸಮಿತಿ, ಕೊನೆಗೆ ಅಧೀಕ್ಷಕರು. ಸಮಿತಿ ವಾರವಾರ ಸೇರುವುದಿಲ್ಲ, ಮೊದಲ ಸೆಮಿಸ್ಟರಿನಲ್ಲೇ ಅರ್ಜಿ ಹಾಕಿ. ಒಪ್ಪಿಗೆ ಪತ್ರ ಕನ್ನಡದಲ್ಲಿರಲಿ, ಓದಲು ಬಾರದವರಿಗೆ ಓದಿ ಹೇಳಿ.

‘ಆಸ್ಪತ್ರೆ’ ಎಂದರೆ ವಿಷಯವಾಗಲಿಲ್ಲ. ಒಂದು ವಾರ್ಡು, ಒಂದು ಪಾಳಿ ಬದಲಾವಣೆ, ಹದಿನೈದು ದಿನ. ಯಾರು ಕೂತು ಹೇಳುತ್ತಾರೆ, ಯಾರು ನಿಂತು ಕೇಳುತ್ತಾರೆ, ಯಾವ ರೋಗಿಯನ್ನು ಹೆಸರಿಂದ, ಯಾರನ್ನು ಬೆಡ್ ನಂಬರಿಂದ ಕರೆಯುತ್ತಾರೆ, ಬರೆದುಕೊಳ್ಳಿ. ಮಂಗನ ಕಾಯಿಲೆಯ ಕಾಲಕ್ಕೂ ಮಳೆಗಾಲಕ್ಕೂ ಅದೇ ವಾರ್ಡು ಬೇರೆಯಾಗಿರುತ್ತದೆ, ದಿನಾಂಕ ತಪ್ಪದೆ ಹಾಕಿ. ಡಾಕ್ಟರುಗಳನ್ನೇ ಮೊದಲು ಮಾತಾಡಿಸಬೇಡಿ. ಅವರ ಕಡೆಯವರು ಎಂಬ ಹೆಸರು ಬಂದರೆ ಆಯಾಗಳು ಬಾಯಿ ಬಿಡುವುದಿಲ್ಲ.

ಹೆಸರು ಬದಲಿಸಿದರಷ್ಟೇ ಸಾಲದು. ‘ಹೆಂಗಸರ ವಾರ್ಡಿನ ಹಿರಿಯ ನರ್ಸ್’ ಎಂದು ಬರೆದರೆ ಜಿಲ್ಲೆಗೆಲ್ಲ ಯಾರೆಂದು ಗೊತ್ತಾಗುತ್ತದೆ. ವಾರ್ಡನ್ನೂ ಮರೆಮಾಡಿ.