"ಮನೇಲೇ ಇದ್ಲು" ಅಂತ ಬರೆಯಬೇಡಿ

ಹಿರಿಯೂರು ಕಡೆಯ ಓದುಗರೊಬ್ಬರ ಕಾಗದ: "ನನ್ನ ತಮ್ಮನ ಹೆಂಡತಿ, 34 ವರ್ಷ, ಹೆದ್ದಾರಿ ದಾಟುವಾಗ ಲಾರಿ ಬಡಿದು ತೀರಿಕೊಂಡಳು. ಇಬ್ಬರು ಸಣ್ಣ ಮಕ್ಕಳು. ಅವಳೇನೂ ದುಡೀತಿರಲಿಲ್ಲ, ಮನೇಲೇ ಇದ್ಲು. ಇಲ್ಲೇ ಒಬ್ಬ ಬ್ಯಾಂಕ್ ನೌಕರರು ಹೋದಾಗ ಅವರ ಮನೆಯವರಿಗೆ ಕೋಟಿ ಹತ್ತಿರ ಬಂತಂತೆ. ನಮಗೇನು ಸಿಕ್ಕೀತು? ಕೋರ್ಟು ಜೀವಕ್ಕೆ ಹೇಗೆ ಬೆಲೆ ಕಟ್ಟುತ್ತೆ?"

ಸಂಪಾದಕರ ಉತ್ತರ:

ನಿಮ್ಮ ಕಾಗದ ಓದಿ ಎರಡು ದಿನ ಮನಸ್ಸು ಸರಿ ಇರಲಿಲ್ಲ. ಇಂಥ ಹೊತ್ತಲ್ಲಿ ಬೈಯಬಾರದು, ಆದರೂ ಹೇಳುತ್ತೇನೆ. "ದುಡೀತಿರಲಿಲ್ಲ, ಮನೇಲೇ ಇದ್ಲು" ಅಂದಿರಲ್ಲ, ನಾಳೆ ಇನ್ಶೂರೆನ್ಸ್ ಕಡೆಯ ವಕೀಲರು ಕೋರ್ಟಿನಲ್ಲಿ ಹೇಳೋದೂ ಇದೇ ಮಾತು. ಅವರ ಕೆಲಸ ನೀವೇ ಮಾಡಿಕೊಟ್ಟ ಹಾಗಾಯ್ತು.

ಮೊದಲು ಲೆಕ್ಕ ಹೇಳಿಬಿಡುತ್ತೇನೆ. ಹೋದವರಿಂದ ಮನೆಗೆ ಆಗುತ್ತಿದ್ದ ಆಸರೆ ಎಷ್ಟು ಅಂತ ಕೋರ್ಟು ನೋಡುತ್ತದೆ. ಸುಪ್ರೀಂ ಕೋರ್ಟಿನ 2009ರ ಸರಳಾ ವರ್ಮಾ ತೀರ್ಪಿನಲ್ಲಿ, ವರ್ಷದ ಆಸರೆಯನ್ನು ಎಷ್ಟರಿಂದ ಗುಣಿಸಬೇಕು ಅಂತ ವಯಸ್ಸಿಗೆ ತಕ್ಕ ಗುಣಕದ ಕೋಷ್ಟಕ ಇದೆ, ಆ ಗುಣಕಕ್ಕೆ ವಕೀಲರು ಮಲ್ಟಿಪ್ಲೈಯರ್ ಅಂತಾರೆ. 31ರಿಂದ 35 ವಯಸ್ಸಿಗೆ ಅದು 16. ಅದೇ ಕೋರ್ಟಿನ 2017ರ ಪ್ರಣಯ್ ಸೇಠಿ ತೀರ್ಪಿನ ಪ್ರಕಾರ ಖಾಯಂ ನೌಕರಿ ಇಲ್ಲದವರಿಗೂ, 40ರ ಒಳಗಿದ್ದರೆ, ಮುಂದೆ ಏಳಿಗೆ ಆಗುತ್ತಿತ್ತು ಅಂತ ಆದಾಯಕ್ಕೆ 40% ಸೇರಿಸಬೇಕು. ಗಂಡ, ಇಬ್ಬರು ಮಕ್ಕಳು ಅವಲಂಬಿತರಾದರೆ ಆಕೆಯ ಸ್ವಂತ ಖರ್ಚು ಅಂತ ಮೂರನೇ ಒಂದು ಭಾಗ ಕಳೆಯುತ್ತಾರೆ. ಸುಮ್ನೆ ಉದಾಹರಣೆಗೆ ತಿಂಗಳಿಗೆ 9,000 ಅಂತ ಹಿಡಿಯಿರಿ. 40% ಸೇರಿದರೆ 12,600. ಖರ್ಚು ಕಳೆದು 8,400. ವರ್ಷಕ್ಕೆ 1,00,800. ಹದಿನಾರರಿಂದ ಗುಣಿಸಿದರೆ 16,12,800. ಅಂತ್ಯಕ್ರಿಯೆ, ಸಂಗಾತಿಯನ್ನು ಕಳೆದುಕೊಂಡ ನಷ್ಟ ಇವೆಲ್ಲ ಬೇರೆ.

ಆ 9,000 ಇದೆಯಲ್ಲ, ಜಗಳವೆಲ್ಲ ಅಲ್ಲೇ. ಅದು ಸಾವಿರ ಜಾಸ್ತಿಯಾದರೆ ಕೊನೆಗೆ 1,79,200 ಜಾಸ್ತಿ. ಬ್ಯಾಂಕಿನವರಿಗೆ ಸಂಬಳದ ಚೀಟಿ ಇತ್ತು. ನಿಮ್ಮ ತಮ್ಮನ ಹೆಂಡತಿಗೆ ಇರಲಿಲ್ಲ.

ಕೋಷ್ಟಕ ಬೇಕು, ಒಪ್ಪುತ್ತೇನೆ. ಅದಿಲ್ಲದಿದ್ದರೆ ಒಂದೊಂದು ಕೋರ್ಟು ಒಂದೊಂದು ರೀತಿ ಕೊಡುತ್ತದೆ. ಆದರೆ ಕೋಷ್ಟಕಕ್ಕೆ ಮೊದಲು ತುಂಬಬೇಕಾದ ಅಂಕಿಯನ್ನು ಯಾರು ಹೇಳಬೇಕು?

ನಮ್ಮಪ್ಪ ದಾವಣಗೆರೆಯ ಹತ್ತಿ ಮಿಲ್ಲಿನಲ್ಲಿದ್ದರು. ಅವರ ಸಂಬಳದ ಚೀಟಿಗಳನ್ನು ಅಮ್ಮ ಟ್ರಂಕಿನಲ್ಲಿ ದಾರ ಕಟ್ಟಿ ಇಟ್ಟಿದ್ದಳು. ಒಂದು ಸಲ ಅಮ್ಮ ಟೈಫಾಯಿಡ್ ಬಂದು ಮೂರು ವಾರ ಮಲಗಿದಳು. ಖಾನಾವಳಿಯಿಂದ ಕ್ಯಾರಿಯರ್ ಬಂತು, ಪಾತ್ರೆಗೊಬ್ಬರು, ಬಟ್ಟೆಗೊಬ್ಬರು ಬಂದರು, ಬೀದಿ ನಲ್ಲಿಯಿಂದ ನೀರು ತರೋದಕ್ಕೆ ಪಕ್ಕದ ಮನೆ ಹುಡುಗನಿಗೆ ದುಡ್ಡು ಕೊಟ್ಟೆವು. ತಿಂಗಳ ಕೊನೆಗೆ ಅಪ್ಪ ಕ್ಯಾಲೆಂಡರಿನ ಹಾಳೆ ಹರಿದು, ಅದರ ಹಿಂದೆ ಪೆನ್ಸಿಲ್‌ನಿಂದ ಲೆಕ್ಕ ಬರೆದರು. ಬರೆದು ತುಂಬಾ ಹೊತ್ತು ಅದನ್ನೇ ನೋಡುತ್ತಾ ಕೂತರು. ಅವರ ಸಂಬಳ ಸಾಕಾಗಿರಲಿಲ್ಲ.

ಸುಪ್ರೀಂ ಕೋರ್ಟಿಗೆ ಇದು ಅರ್ಥವಾಗಿದೆ. 2010ರಲ್ಲಿ ನ್ಯಾಯಮೂರ್ತಿ ಎ.ಕೆ. ಗಂಗೂಲಿಯವರು, ಜನಗಣತಿಯಲ್ಲಿ ಗೃಹಿಣಿಯರನ್ನು ಭಿಕ್ಷುಕರು, ಕೈದಿಗಳ ಜೊತೆ ದುಡಿಯದವರ ಪಟ್ಟಿಗೆ ಸೇರಿಸಿದ್ದನ್ನು ಖಂಡಿಸಿದರು. 2014ರಲ್ಲಿ ದೆಹಲಿಯಲ್ಲಿ ಬೈಕಿನಲ್ಲಿ ಹೋಗುತ್ತಿದ್ದ ಗಂಡ ಹೆಂಡತಿ ಇಬ್ಬರೂ ಸತ್ತಿದ್ದರು. ಆ ಪ್ರಕರಣದಲ್ಲಿ ಹೈಕೋರ್ಟು 22 ಲಕ್ಷಕ್ಕೆ ಇಳಿಸಿದ್ದ ಪರಿಹಾರವನ್ನು ಸುಪ್ರೀಂ ಕೋರ್ಟು 2021ರ ಜನವರಿಯಲ್ಲಿ 33.20 ಲಕ್ಷಕ್ಕೆ ಏರಿಸಿತು. ಗೃಹಿಣಿಯ ದುಡಿಮೆಗೂ ಆದಾಯ ಕಟ್ಟಬೇಕು, ಮುಂದಿನ ಏಳಿಗೆಯನ್ನೂ ಸೇರಿಸಬೇಕು ಅಂತ ನ್ಯಾಯಮೂರ್ತಿ ಎನ್.ವಿ. ರಮಣ ಅದರಲ್ಲಿ ಬಿಡಿಸಿ ಬರೆದಿದ್ದಾರೆ.

ಅರ್ಥವಾಗದಿರೋದು ನಮಗೇ. ಸರ್ಕಾರದ 2019ರ ಸಮಯ ಬಳಕೆ ಸಮೀಕ್ಷೆ ನೋಡಿ: ಸಂಬಳವಿಲ್ಲದ ಮನೆಗೆಲಸ ಮಾಡುವವರಲ್ಲಿ ಹೆಂಗಸರು ದಿನಕ್ಕೆ 299 ನಿಮಿಷ, ಗಂಡಸರು 97 ನಿಮಿಷ. ಆದರೂ ಶಾಲೆಯ ಫಾರಂನಲ್ಲಿ ತಾಯಿಯ ಉದ್ಯೋಗದ ಮುಂದೆ ನಾವು "ಇಲ್ಲ" ಅಂತ ಬರೆದು ಬರುತ್ತೇವೆ. ದಾವಣಗೆರೆಯ ಮಂಡಕ್ಕಿ ಭಟ್ಟಿಗಳಲ್ಲಿ ಹೊಗೆ ಕುಡಿದು ದುಡಿಯುವ ಹೆಂಗಸರ ಕೈಯಲ್ಲೂ ಒಂದು ಚೀಟಿ ಇರೋದಿಲ್ಲ. ದುಡಿದದ್ದಕ್ಕೆ ಕಾಗದ ಇಲ್ಲ ಅಂದರೆ ದುಡಿದೇ ಇಲ್ಲ ಅನ್ನೋ ಲೆಕ್ಕ. ಇದಕ್ಕೆ ನನಗೆ ಸಿಟ್ಟು ಬರುತ್ತದೆ, ಮೂವತ್ತು ವರ್ಷದಿಂದ ಬರುತ್ತಲೇ ಇದೆ.

ಈಗ ನೀವು ಮಾಡಬೇಕಾದ್ದು. ಮೋಟಾರು ವಾಹನ ಕಾಯ್ದೆಗೆ 2022ರ ಏಪ್ರಿಲ್‌ನಿಂದ ಜಾರಿಯಾದ ತಿದ್ದುಪಡಿಯಲ್ಲಿ ಪರಿಹಾರದ ಅರ್ಜಿಗೆ ಆರು ತಿಂಗಳ ಗಡುವು ಇದೆ, ತಡ ಮಾಡಬೇಡಿ. ಆಕೆ ಡೇರಿಗೆ ಹಾಲು ಹಾಕುತ್ತಿದ್ದರೆ ಆ ಪುಸ್ತಕ, ಸ್ತ್ರೀಶಕ್ತಿ ಸಂಘದ ಪಾಸ್‌ಬುಕ್, ನರೇಗಾ ಜಾಬ್ ಕಾರ್ಡ್, ಏನಿದೆಯೋ ಎಲ್ಲ ಹುಡುಕಿ. ಯಾವುದೂ ಇಲ್ಲದಿದ್ದರೂ ಕೋರ್ಟು ಆದಾಯ ಅಂದಾಜು ಮಾಡಲೇಬೇಕು. ತಮ್ಮನನ್ನು ಕೂರಿಸಿಕೊಂಡು, ಆಕೆ ಎದ್ದಾಗಿನಿಂದ ಮಲಗುವವರೆಗೆ ಏನೇನು ಮಾಡುತ್ತಿದ್ದಳು ಅಂತ ಒಂದು ಹಾಳೆಯಲ್ಲಿ ಬರೆಸಿ. ಈಗ ಅದನ್ನೆಲ್ಲ ಯಾರು ಮಾಡುತ್ತಿದ್ದಾರೆ, ಎಷ್ಟು ಕೊಡುತ್ತಿದ್ದೀರಿ ಅಂತ ಪಕ್ಕದಲ್ಲೇ ಬರೆಯಿರಿ. ವಕೀಲರ ಹತ್ತಿರ ಹೋಗುವಾಗ ಆ ಹಾಳೆ ಜೇಬಿನಲ್ಲಿರಲಿ.